ಲಿಯೊನಿಲಾ ನಿದ್ದೆಯಲ್ಲಿ ಹೋಗಲಿಲ್ಲ

ಸತ್ತವರ ಮುಂದೆ ಸುಳ್ಳು ಹಾಡಬಾರದು. ಇದನ್ನು ನನಗೆ ಕಲಿಸಿದವಳು ನನ್ನ ಅಜ್ಜಿ, ಅವಳಿಗೆ ಕಲಿಸಿದವಳು ಅವಳ ಅತ್ತೆ. ನಮ್ಮ ಕಡಲಂಚಿನ ಊರುಗಳಲ್ಲಿ ಯಾರಾದರೂ ತೀರಿಕೊಂಡರೆ ಅಳುಹಾಡು ಹಾಡಲು ಒಬ್ಬ ಮುದುಕಿ ಬೇಕೇ ಬೇಕು. ಶವಪೆಟ್ಟಿಗೆಯ ಪಕ್ಕ ಕೂತು, ತಲೆಗೆ ಕಪ್ಪು ವಸ್ತ್ರ ಹೊದ್ದು, ಸತ್ತವರನ್ನೇ ಹೆಸರು ಹಿಡಿದು ಕರೆದು, ನೀನು ಹೀಗೆ ಹುಟ್ಟಿದೆ, ಹೀಗೆ ಬಾಳಿದೆ, ಇಂಥವರನ್ನು ನೋಯಿಸಿದೆ, ಇಂಥವರಿಗೆ ಉಣ್ಣಲಿಕ್ಕೆ ಇಟ್ಟೆ, ಹೀಗೆ ಹೋದೆ ಎಂದು ಅವರಿಗೇ ಹೇಳಬೇಕು. ಹೋದವರಿಗೆ ಮೊದಲ ಕೆಲವು ದಿನ ತಾವು ಹೋದದ್ದು ಸರಿಯಾಗಿ ತಿಳಿದಿರುವುದಿಲ್ಲ. ಹಾಡು ಕೇಳಿ ತಿಳಿದುಕೊಳ್ಳುತ್ತಾರೆ. ಪಾದ್ರಿಗಳ ಪ್ರಾರ್ಥನೆ ಎಲ್ಲಿಗೆ ಹೋಗಬೇಕು ಎನ್ನುವುದನ್ನು ಹೇಳುತ್ತದೆ. ನಮ್ಮ ಹಾಡು ಎಲ್ಲಿಂದ ಹೊರಟೆ ಎನ್ನುವುದನ್ನು ಹೇಳುತ್ತದೆ. ಹೊರಟ ಜಾಗವೇ ತಿಳಿಯದವರು ದಾರಿ ಹಿಡಿಯುವುದು ಹೇಗೆ?

ನಲವತ್ತು ವರ್ಷ ಹಾಡಿದ್ದೇನೆ. ಒಂದೇ ಸಲ ಸುಳ್ಳು ಹಾಡಿದೆ. ಅದು ಲಿಯೊನಿಲಾಳಿಗೆ.

ಲಿಯೊನಿಲಾ ನನ್ನ ಪಕ್ಕದ ಮನೆಯವಳು, ನನಗಿಂತ ಹದಿಮೂರು ವರ್ಷ ಚಿಕ್ಕವಳು. ಮದುವೆಯಾಗಲಿಲ್ಲ. ಒಬ್ಬ ತಮ್ಮ ರೊಡೆಲ್ ಹವಾಯಿಗೆ ಹೋಗಿ ಹೋಟೆಲ್ಲೊಂದರಲ್ಲಿ ಬಟ್ಟೆ ಒಗೆಯುವ ಕೆಲಸಕ್ಕೆ ನಿಂತ. ಇನ್ನೊಬ್ಬ ತಮ್ಮ ಫೆರ್ಮಿನ್ ಇಲ್ಲೇ ಒಂದು ದೋಣಿ ಇಟ್ಟುಕೊಂಡು, ಹೆಂಡತಿ ಲುದಿಯ ಜೊತೆ ಅಕ್ಕನ ಮನೆಯಲ್ಲೇ ಉಳಿದ. ಹೋದ ಜನವರಿಯಲ್ಲಿ, ಕಡಲ ಬಂಡೆಗಳ ಮೇಲೆ ತಿನ್ನುವ ಕಪ್ಪು ಪಾಚಿ ಕೀಳುವಾಗ, ಒಂದು ಅಲೆ ಲಿಯೊನಿಲಾಳನ್ನು ಎಳೆದುಕೊಂಡು ಹೋಯಿತು. ನಾನು ಅವಳ ಜೊತೆಗಿದ್ದೆ. ಬಿಸಿಲೇರುವ ಹೊತ್ತಿಗೆ ಫೆರ್ಮಿನನ ದೋಣಿಯೇ ಅವಳನ್ನು ದಡಕ್ಕೆ ತಂದಿತು.

ಆಗ ಹವಾಯಿಯ ಆಸ್ಪತ್ರೆಯಲ್ಲಿ ರೊಡೆಲನ ಎದೆ ಕೊಯ್ದು ಮೂರು ವಾರವಾಗಿತ್ತು. ಅವನು ಬರುವಂತಿರಲಿಲ್ಲ. ಫೋನಿನಲ್ಲೇ ಅಕ್ಕನ ಮುಖ ನೋಡುತ್ತೇನೆ ಎಂದಿದ್ದ. ನಾನು ಹಾಡಲು ಕೂರುವ ಮೊದಲು ಫೆರ್ಮಿನ್ ನನ್ನನ್ನು ಪಕ್ಕಕ್ಕೆ ಕರೆದ.

“ಪನಿಂಗಕ್ಕ, ಅಣ್ಣ ನೋಡ್ತಿರ್ತಾನೆ. ಎದೆ ಹೊಲಿಗೆ ಇನ್ನೂ ಹಸಿ. ಸಮುದ್ರ ಅಂದ್ರೆ ಅಲ್ಲೇ ಕುಸೀತಾನೆ. ನಿದ್ದೇಲಿ ಹೋದ್ಲು ಅಂತ ಹಾಡಿಬಿಡು.”

“ಅವಳು ಕೇಳಿಸ್ಕೊಳ್ತಿರ್ತಾಳಲ್ಲೋ.”

“ಕೇಳಿಸ್ಕೊಳ್ಳಲಿ. ಅವಳೇ ಬದುಕಿದ್ರೆ ಇದನ್ನೇ ಹೇಳ್ತಿದ್ಲು.”

ಹಾಗೇ ಹಾಡಿದೆ. ಜಪಮಾಲೆ ಹಿಡಿದು ಮಲಗಿದವಳು ಬೆಳಗಾದರೂ ಏಳಲಿಲ್ಲ ಎಂದು ಹಾಡಿದೆ. ಊರವರು ಅಳುತ್ತ ಅಳುತ್ತಲೇ ಆ ಸಾಲನ್ನು ಬಾಯಿಪಾಠ ಮಾಡಿಕೊಂಡರು. ಒಂಬತ್ತು ದಿನದ ಪ್ರಾರ್ಥನೆ ಮುಗಿಯುವ ಹೊತ್ತಿಗೆ ಅದು ನಿಜವೇ ಎನ್ನುವಷ್ಟು ನುಣುಪಾಗಿತ್ತು.

ಆ ಸುಳ್ಳು ನನಗೂ ಬೇಕಾಗಿತ್ತು. ಯಾಕೆ ಎನ್ನುವುದನ್ನು ಅದರ ಜಾಗದಲ್ಲಿ ಹೇಳುತ್ತೇನೆ. ಪಾಪನಿವೇದನೆಯಲ್ಲಿ ಪಾದ್ರಿಗಳ ಮುಂದೆ ಎಲ್ಲ ಒಪ್ಪಿಸಿದೆ. ಅವರು ದೇವರ ಹೆಸರಿನಲ್ಲಿ ಕ್ಷಮೆ ಕೊಟ್ಟರು. ಕೊಟ್ಟು, “ನಂಗೆ ಹೇಳಿದ್ದಾಯ್ತು, ಯಾರಿಗೆ ಹೇಳ್ಬೇಕೋ ಅವರಿಗೂ ಹೇಳಮ್ಮ” ಎಂದರು. ಅದೊಂದನ್ನು ಮಾಡಲಿಲ್ಲ. ಆಮೇಲೆ ಊರಲ್ಲಿ ಮೂವರು ಹೋದರು. ಗಂಟಲು ಕಟ್ಟಿದೆ ಎಂದು ಹೇಳಿ ಮೂವರಿಗೂ ಹಾಡಲಿಲ್ಲ.

ವರ್ಷ ತುಂಬಲು ಐದು ದಿನ ಇರುವಾಗ ಜೊವೆಲಿನ್ ಬಂದಳು. ರೊಡೆಲನ ಒಬ್ಬಳೇ ಮಗಳು. ಹದಿನೇಳು ವರ್ಷ. ತಂದೆಯ ಬದಲು ಶೋಕದ ಕಪ್ಪು ಬಟ್ಟೆ ಕಳಚುವ ದಿನಕ್ಕೆ ಬಂದಿದ್ದೇನೆ ಎಂದಳು. ಬೆನ್ನಿಗೊಂದು ಚೀಲ, ಕೈಯಲ್ಲೊಂದು ಸಣ್ಣ ಪುಸ್ತಕ.

ಹುಟ್ಟಿದ್ದು ಹವಾಯಿಯಲ್ಲೇ. ಅಪ್ಪ ಅಮ್ಮ ಇಬ್ಬರಿಗೂ ಎರಡೆರಡು ಕೆಲಸ, ಕೂಸನ್ನು ನೋಡುವವರಿಲ್ಲ. ಎಂಟು ತಿಂಗಳಾದಾಗ ಊರಿಗೆ ಬರುತ್ತಿದ್ದ ಯಾರದೋ ಜೊತೆ ಕಳಿಸಿದರು. ಲಿಯೊನಿಲಾಳ ಮಡಿಲಲ್ಲಿ ಆರು ವರ್ಷ ಬೆಳೆದಳು. ಶಾಲೆಗೆ ಹಾಕಬೇಕೆಂದು ರೊಡೆಲ್ ಬಂದು ಕರೆದುಕೊಂಡು ಹೋದ. ಆ ದಿನ ಲಿಯೊನಿಲಾ ಅಳಲಿಲ್ಲ. ಮನೆಯ ಸೊಳ್ಳೆಪರದೆಗಳನ್ನೆಲ್ಲ ಬಿಚ್ಚಿ ಒಗೆಯಲು ಕೂತಳು, ಒಗೆದದ್ದನ್ನೇ ಮತ್ತೆ ಒಗೆದಳು.

ಹುಡುಗಿಗೆ ನಮ್ಮ ಮಾತು ಮರೆತಿರಲಿಲ್ಲ, ಆದರೆ ಬೆಳೆದಿರಲೂ ಇಲ್ಲ. ಆರು ವರ್ಷದ ಮಗುವಿನ ಮಾತು ಹಾಗೇ ಹದಿನೇಳರ ಬಾಯಲ್ಲಿ ನಿಂತುಬಿಟ್ಟಿತ್ತು. ಮೀನು ಮಾರುವವಳು ಬುಟ್ಟಿ ಇಳಿಸಿ ನಕ್ಕಳು: “ಇಷ್ಟೆತ್ತರ ಬೆಳ್ದಿದೆ, ಬಾಯಿ ಮಾತ್ರ ಇನ್ನೂ ಹಾಲು ಕುಡೀತಿದೆ ನೋಡು.” ಹುಡುಗಿಯ ಕಿವಿ ಕೆಂಪಾಯಿತು. ಆದರೂ ಬಾಯಿ ಮುಚ್ಚಲಿಲ್ಲ. ಅತ್ತೆ ಹೇಗೆ ಸತ್ತರು ಎಂದು ಸಿಕ್ಕಸಿಕ್ಕವರನ್ನು ಕೇಳುತ್ತಲೇ ಹೋದಳು.

“ನಿದ್ದೇಲಿ ಕಣೆ ಪುಟ್ಟಿ,” ಎಂದಳು ಲುದಿ, ಅವಳ ತಟ್ಟೆಗೆ ಇನ್ನೊಂದು ಒಣಮೀನು ಹಾಕುತ್ತ. “ಜಪಮಾಲೆ ಕೈಯಲ್ಲೇ ಇತ್ತು.”

ಅಂಗಡಿಯವಳೂ ಅದನ್ನೇ ಹೇಳಿದಳು. ಮೀನಿನವಳೂ ಅದನ್ನೇ ಹೇಳಿದಳು. ಗಿಣಿಪಾಠದ ಕಷ್ಟವೇ ಇದು, ಎಲ್ಲರೂ ಒಂದೇ ರಾಗದಲ್ಲಿ ಒಪ್ಪಿಸಿದರೆ ಕೇಳುವವರಿಗೆ ಗುಮಾನಿ ಬರುತ್ತದೆ. ಕೊನೆಗೆ ಪ್ರಾರ್ಥನಾ ಸಂಘದ ಮುದುಕ ಆಂಬೊ ಇದ್ದಾನಲ್ಲ, ಬಾಯಿ ತುಂಬ ಹಲ್ಲಿಲ್ಲದಿದ್ದರೂ ಮಾತಿಗೆ ಬರವಿಲ್ಲದವನು, ಅವನು ಕತೆಗೆ ಒಂದು ಕುಸುರಿಯನ್ನೂ ಸೇರಿಸಿದ.

“ಜಪಮಾಲೆ ಬಲಗೈಲಿತ್ತು. ಮುಖದಲ್ಲಿ ಏನು ಕಳೆ ಅಂತೀಯ. ಬೆಕ್ಕು ಕಾಲ ಹತ್ರ ಸುತ್ಕೊಂಡು ಮಲಗಿತ್ತು, ಪಾಪ, ಅದಕ್ಕೂ ಗೊತ್ತಾಗಿತ್ತು.”

“ಅತ್ತೆಗೆ ಬೆಕ್ಕು ಕಂಡ್ರೆ ಆಗ್ತಿರ್ಲಿಲ್ಲ, ತಾತ. ಪೊರಕೆ ತಗೊಂಡು ಓಡಿಸ್ತಿದ್ರು.”

“ಅದಕ್ಕೇ ಮತ್ತೆ,” ಎಂದ ಆಂಬೊ, ಸ್ವಲ್ಪವೂ ತಡವರಿಸದೆ. “ಅವಳು ಹೋದ್ಮೇಲೆ ತಾನೇ ಧೈರ್ಯವಾಗಿ ಬಂದಿದ್ದು.”

ಜೊವೆಲಿನ್ ಅದನ್ನೂ ಪುಸ್ತಕದಲ್ಲಿ ಬರೆದುಕೊಂಡಳಂತೆ.

ಮೂರನೆಯ ಬೆಳಿಗ್ಗೆ ನನ್ನಲ್ಲಿಗೆ ಬಂದಳು. ನಾನು ಜಗಲಿಯಲ್ಲಿ ಮೊರ ಹಿಡಿದು ಹೆಸರುಕಾಳು ಆರಿಸುತ್ತಿದ್ದೆ. ಅವಳು ಎದುರಿಗೆ ಕಾಲು ಮಡಿಸಿ ಕೂತು, ಕೇಳದೆಯೇ ಕಲ್ಲು ಹೆಕ್ಕತೊಡಗಿದಳು. ಲಿಯೊನಿಲಾ ಹಾಗೇ ಕೂರುತ್ತಿದ್ದಳು, ಒಂದು ಮೊಣಕಾಲು ಎತ್ತಿ, ಗಲ್ಲ ಅದರ ಮೇಲಿಟ್ಟು.

“ಅಪೊಂಗ್,” ಎಂದಳು. ನಮ್ಮಲ್ಲಿ ಅಜ್ಜಿಯರನ್ನು ಹಾಗೆ ಕರೆಯುತ್ತಾರೆ. “ಒಂದು ಕೇಳ್ಲಾ. ಬೈಬಾರ್ದು.”

“ಬೈಯೋ ವಯಸ್ಸು ದಾಟಿದೆ. ಕೇಳು.”

“ಮನೇಲಿ ಮಲಗಿದ್ದವರು ಸತ್ರೆ ಪೆಟ್ಟಿಗೆ ಎಲ್ಲಿಡ್ತಾರೆ?”

“ಒಳಗೆ. ನಡುಮನೇಲಿ.”

“ಅತ್ತೇನ ಅಂಗಳದಲ್ಲಿ ಇಟ್ಟಿದ್ರಿ. ಟಾರ್ಪಾಲು ಕಟ್ಟಿ. ನಾನು ಫೋನಲ್ಲಿ ನೋಡ್ದೆ.”

ನನ್ನ ಬೆರಳು ಕಾಳಿನ ನಡುವೆ ನಿಂತಿತು. ಹೊರಗೆ ಸತ್ತವರನ್ನು ನಾವು ಹೊಸಲು ದಾಟಿಸುವುದಿಲ್ಲ. ದಾಟಿಸಿದರೆ ಅದರ ಬೆನ್ನಿಗೇ ಇನ್ನೊಂದು ಸಾವು ಒಳಗೆ ಬರುತ್ತದೆ ಎನ್ನುವುದು ಹಿರಿಯರ ಮಾತು. ಊರಿಗೆ ಊರೇ ಬಾಯಿಗೆ ಬೀಗ ಹಾಕಿಕೊಂಡಿತ್ತು. ಆದರೆ ಅಂಗಳದ ನೆನಪು ನಮ್ಮಲ್ಲಿ ಒಬ್ಬರಿಗೂ ಬರಲಿಲ್ಲ. ಹೊಸಲು ದಾಟಿಸದಿರುವುದು ನಮಗೆ ಉಸಿರಾಟದಂತೆ. ಯಾರಾದರೂ ತಾವು ಉಸಿರಾಡುವುದನ್ನು ಮುಚ್ಚಿಡಲು ನೋಡುತ್ತಾರೆಯೇ?

“ಪಪ್ಪನ್ನ ಕೇಳ್ದೆ,” ಎಂದಳು ಹುಡುಗಿ. “ಮನೆ ಚಿಕ್ಕದು, ಜನ ಹಿಡಿಯಲ್ಲ ಅಂದ್ರು. ಅಜ್ಜ ಸತ್ತಾಗ ಅದೇ ಮನೇಲಿ ಇಟ್ಟಿದ್ರು. ನಂಗೆ ಆಗ ನಾಕು ವರ್ಷ. ನನ್ನ ಎತ್ತಿ ಪೆಟ್ಟಿಗೆ ಮೇಲಿಂದ ದಾಟಿಸಿದ್ರು, ಅಜ್ಜ ಕನಸಲ್ಲಿ ಬಂದು ಹೆದರಿಸಬಾರ್ದು ಅಂತ. ನಂಗೆ ನೆನಪಿದೆ. ಹಾಗಂದಿದ್ದಕ್ಕೆ ಪಪ್ಪ ಗೋಡೆ ಕಡೆ ತಿರುಗಿ ಮಲಗಿಬಿಟ್ರು.”

ಅವಳು ಒಂದು ಕಲ್ಲನ್ನು ಎರಡು ಬೆರಳಲ್ಲಿ ಹಿಡಿದು ತಿರುಗಿಸುತ್ತಿದ್ದಳು.

“ಅಪೊಂಗ್, ಅತ್ತೆ ತಾವಾಗೇ ಹೋದ್ರಾ?”

“ಅಂದ್ರೆ?”

“ಬೇಕು ಅಂತ. ಸಾಯಬೇಕು ಅಂತ.”

ಮೊರ ಕೆಳಗಿಟ್ಟೆ. ಅವಳು ತಲೆ ಎತ್ತಲಿಲ್ಲ. ಮಗುವಿನ ಮಾತಿನಲ್ಲೇ, ತೊದಲದೆ, ಎಷ್ಟೋ ಸಲ ತನಗೆ ತಾನೇ ಹೇಳಿಕೊಂಡದ್ದನ್ನು ಹೇಳುವ ಹಾಗೆ ಹೇಳಿದಳು. ಪ್ರತಿ ಭಾನುವಾರ ಅತ್ತೆ ಫೋನ್ ಮಾಡುತ್ತಿದ್ದರು. ಹೊಸ ಶಾಲೆ, ಹೊಸ ಗೆಳತಿಯರು. ಅವರ ಮುಂದೆ ಈ ಭಾಷೆ ಆಡಲು, ಅದೂ ಇಂಥ ಎಳೆ ಮಾತು ಆಡಲು ನಾಚಿಕೆ. ಒಂದು ಭಾನುವಾರ ಎತ್ತಲಿಲ್ಲ. ಮುಂದಿನ ವಾರ ಹಿಂದಿನ ವಾರ ಎತ್ತಲಿಲ್ಲವಲ್ಲ ಎನ್ನುವ ನಾಚಿಕೆಗೆ ಎತ್ತಲಿಲ್ಲ. ಮೂರನೆಯ ವಾರವೂ ಎತ್ತಲಿಲ್ಲ. ನಾಲ್ಕನೆಯ ಭಾನುವಾರ ಬರುವ ಮೊದಲೇ ಅತ್ತೆ ಇರಲಿಲ್ಲ.

“ಎಲ್ರೂ ಮುಚ್ಚಿಡ್ತಾರೆ ಅಂದ್ರೆ ಅದು ಹೇಳಬಾರದ ಸಾವೇ ಇರ್ಬೇಕು ಅಲ್ವಾ? ನಾನು ಎತ್ತಿದ್ದಿದ್ರೆ ಹೋಗ್ತಿರ್ಲಿಲ್ಲ ಅಲ್ವಾ? ಒಂದು ವರ್ಷದಿಂದ ಇದನ್ನೇ ಯೋಚ್ನೆ ಮಾಡ್ತಿದೀನಿ. ನಂಗೆ ನಿಜ ಹೇಳು, ಅಪೊಂಗ್. ಹೌದು ಅಂದ್ರೂ ಪರವಾಗಿಲ್ಲ.”

ಮಾತೆ ಮರಿಯಳೇ, ನಾವು ಮಾಡಿದ್ದೇನು ಎಂದುಕೊಂಡೆ. ಒಬ್ಬನ ಎದೆ ನೋಯದಿರಲಿ ಎಂದು ಮುಚ್ಚಿದ ಬಟ್ಟೆಯ ಕೆಳಗೆ, ಕಡಲಿಗಿಂತ ಕೆಟ್ಟದ್ದೊಂದನ್ನು ಈ ಮಗು ಒಂಟಿಯಾಗಿ ಸಾಕಿಕೊಂಡು ಬಂದಿತ್ತು. ಇನ್ನು ಫೆರ್ಮಿನನ ಅಪ್ಪಣೆಗೆ ಕಾಯುವುದು ಪಾಪ ಅನ್ನಿಸಿತು.

“ಇಲ್ಲ,” ಎಂದೆ. “ಕೇಳು. ನಿಮ್ಮತ್ತೇನ ಕಡಲು ತಗೊಂಡು ಹೋಯ್ತು. ಪಾಚಿ ಕೀಳೋಕೆ ಹೋಗಿದ್ವಿ. ನಾನೂ ಅವಳೂ, ಇಬ್ರೇ.”

ಅವಳು ಮೊದಲ ಸಲ ನನ್ನ ಮುಖ ನೋಡಿದಳು.

“ಆವತ್ತು ನಿನ್ ಮಾತೇ ಆಡಿದ್ವಿ. ಮೂರು ವಾರದಿಂದ ಫೋನ್ ಎತ್ತಿಲ್ವಂತೆ, ಕೋಪ ಇಲ್ವೇನೇ ಅಂತ ಕೇಳ್ದೆ. ಕೋಪ ಏನಕ್ಕ ಅಂದ್ಲು. ತಾಯಿಕೋಳಿ ಕೊಕ್ ಅಂದ ತಕ್ಷಣ ಓಡಿ ಬರೋ ಮರಿಗೆ ಇನ್ನೂ ಹುಳ ಹುಡುಕೋಕೆ ಬರಲ್ಲ ಅಂತ ಅರ್ಥ, ನನ್ ಮರಿ ಹುಡುಕೋಕೆ ಕಲ್ತಿದೆ ಅಂದ್ಲು.”

“ನಿಜವಾಗ್ಲೂ?”

“ಆಮೇಲೆ, ಆದ್ರೂ ಒಂದ್ಸಲ ಎತ್ತಿ ನಾಕು ಬೈದು ಇಡಬಹುದಿತ್ತು ಕತ್ತೆ ಅಂತಾನೂ ಅಂದ್ಲು.”

ಹುಡುಗಿಯ ಗಂಟಲಿನಿಂದ ಒಂದು ಸದ್ದು ಬಂತು. ನಗುವೂ ಅಲ್ಲ, ಅಳುವೂ ಅಲ್ಲ.

“ನಿನ್ ಹದಿನೆಂಟನೇ ಹುಟ್ಟುಹಬ್ಬ ಇಲ್ಲೇ ಮಾಡ್ಬೇಕು ಅಂತ ಲೆಕ್ಕ ಹಾಕಿದ್ಲು. ಆಗಿನ್ನೂ ಹೆಚ್ಚುಕಮ್ಮಿ ಎರಡು ವರ್ಷ ಇತ್ತು. ಈಗಿರೋ ಹೆಣ್ಣು ಹಂದಿ ಮರಿ ಹಾಕ್ಬೇಕು, ಆ ಮರಿ ದೊಡ್ಡದಾಗಿ ಮತ್ತೆ ಮರಿ ಹಾಕ್ಬೇಕು, ಅದರಲ್ಲಿ ದಪ್ಪಗಿರೋದು ನಿನ್ ಹಬ್ಬಕ್ಕೆ. ಹಂದಿ ಮೊಮ್ಮಗನಿಗೆ ಯೋಜನೆ ಹಾಕೋಳು ಸಾಯೋಕೆ ಹೋಗ್ತಾಳೇನೇ?”

ಅವಳು ಮೊಣಕಾಲಿನ ಮೇಲೆ ಮುಖ ಇಟ್ಟು ಅತ್ತಳು. ನಾನು ಅವಳ ಬೆನ್ನ ಮೇಲೆ ಕೈ ಇಟ್ಟುಕೊಂಡು ಕೂತೆ. ಒಂದು ವರ್ಷದ ಭಾರ ಇಳಿಯುವುದು ಅಂಗೈಗೆ ಗೊತ್ತಾಗುತ್ತಿತ್ತು.

ಅಲ್ಲಿಗೇ ನಿಲ್ಲಿಸಬಹುದಿತ್ತು. ಅವಳು ಕೇಳಿದ್ದಕ್ಕೆ ಉತ್ತರ ಸಿಕ್ಕಿತ್ತು, ಅವಳ ಎದೆ ಹಗುರವಾಗಿತ್ತು. ಉಳಿದದ್ದನ್ನು ನನ್ನ ಬಿಟ್ಟರೆ ದೇವರೂ ಪಾದ್ರಿಗಳೂ ಮಾತ್ರ ಬಲ್ಲರು. ಆದರೆ ಕೈ ಅವಳ ಬೆನ್ನ ಮೇಲಿರುವಾಗ ಅರ್ಧ ನಿಜ ಹೇಳಿ ಆ ಕೈಯನ್ನು ಹಾಗೇ ಇಟ್ಟುಕೊಳ್ಳುವುದು ನನ್ನಿಂದಾಗಲಿಲ್ಲ. ಕೈ ತೆಗೆದೆ.

“ಇನ್ನೂ ಇದೆ,” ಎಂದೆ. “ಪಾಚಿ ಕೀಳೋಕೆ ಯಾವಾಗ್ಲೂ ಇಬ್ರು ಹೋಗ್ತೀವಿ. ಒಬ್ಳು ಬಗ್ಗಿ ಕೀಳ್ತಾಳೆ. ಇನ್ನೊಬ್ಳು ಮೇಲೆ ನಿಂತು ನೀರು ನೋಡ್ತಾಳೆ. ನೀರಿಂದ ಕಣ್ಣು ತೆಗೀಬಾರ್ದು. ದೊಡ್ಡ ಅಲೆ ಕಂಡ್ರೆ ಕೂಗ್ಬೇಕು. ಇಬ್ರೂ ಒಟ್ಟಿಗೆ ಬಗ್ಗೋ ಹಾಗಿಲ್ಲ. ನಮ್ಮಜ್ಜಿ ಕಾಲದಿಂದ ಇದೊಂದೇ ನಿಯಮ.”

ಅವಳು ಕಣ್ಣೊರೆಸಿಕೊಂಡು ಕೇಳುತ್ತಿದ್ದಳು.

“ಆವತ್ತು ನೋಡೋ ಪಾಳಿ ನಂದು. ಲಿಯೊನಿಲಾ ತನ್ನ ಬುಟ್ಟಿ ತುಂಬಿಸ್ಕೊಂಡು ಮೇಲೆ ಬಂದಿದ್ಲು. ಸಾಕು ನಡಿ ಅಂದ್ಲು. ನನ್ ಕಣ್ಣಿಗೆ ಕೆಳಗಿನ ಬಂಡೇಲಿ ಒಂದು ಪದರ ಕಾಣಿಸ್ತು. ದಪ್ಪಗೆ, ಕಪ್ಪಗೆ, ಹೊಸ ಕಂಬಳಿ ಹಾಗಿತ್ತು. ಅಷ್ಟು ಒಳ್ಳೇ ಪಾಚಿ ನಾನು ಎಷ್ಟೋ ವರ್ಷದಿಂದ ನೋಡಿರ್ಲಿಲ್ಲ. ನಾನೇ ಇಳಿದೆ. ನಾನೇ ಬಗ್ಗಿದೆ. ಬಗ್ಗಿದವಳು ಸುಮ್ನೆ ಇರ್ಲಿಲ್ಲ, ಬಾರೇ ಇಲ್ಲಿ, ಒಬ್ಳ ಕೈಲಿ ಆಗಲ್ಲ ಅಂತ ಅವಳನ್ನೂ ಕರೆದೆ. ಅವಳು ಬಂದ್ಲು. ಒಂದು ಕ್ಷಣ ಅಷ್ಟೆ. ಇಬ್ರೂ ಬಗ್ಗಿದ್ವಿ. ನೀರು ನೋಡೋರು ಯಾರೂ ಇರ್ಲಿಲ್ಲ.”

ಅಂಗಳದಲ್ಲಿ ಒಂದು ಕೋಳಿ ಮಣ್ಣು ಕೆದಕುತ್ತಿತ್ತು.

“ನನ್ ಹಿಂದೆ ಬಂಡೆ ಇತ್ತು, ಅದಕ್ಕೆ ಒತ್ಕೊಂಡೆ. ಅವಳ ಹಿಂದೆ ಏನೂ ಇರ್ಲಿಲ್ಲ.”

“ಇದು ಚಿಕ್ಕಪ್ಪಂಗೆ ಗೊತ್ತಾ?”

“ಇಲ್ಲ. ಅಲೆ ಬಂತು ಅಂತಷ್ಟೇ ಹೇಳ್ದೆ. ನಿದ್ದೇಲಿ ಹೋದ್ಲು ಅಂತ ಹಾಡು ಅಂದಾಗ ನಂಗೆ ಅನುಕೂಲ ಆಯ್ತು. ನಿದ್ದೇಲಿ ಹೋದವಳ ಜೊತೆ ಯಾರಿದ್ರು ಅಂತ ಯಾರೂ ಕೇಳಲ್ಲ.”

ಜೊವೆಲಿನ್ ಎದ್ದಳು. ಅವಳ ಮಡಿಲಿನಿಂದ ನಾಲ್ಕು ಕಲ್ಲು ನೆಲಕ್ಕೆ ಬಿದ್ದವು. ಏನೋ ಹೇಳಲು ನೋಡಿದಳು, ಆರು ವರ್ಷದ ಮಾತಿನಲ್ಲಿ ಅದಕ್ಕೆ ಬೇಕಾದ ಪದ ಸಿಗಲಿಲ್ಲವೋ ಏನೋ. ಮೆಟ್ಟಿಲಿಳಿದು ಹೊರಟುಹೋದಳು.

ಮರುದಿನ ಅವಳು ಬರಲಿಲ್ಲ. ಬೇಲಿಯಾಚೆ ಲುದಿಯ ಜೊತೆ ಪಾತ್ರೆ ತೊಳೆಯುವುದು ಕಂಡಿತು, ನನ್ನ ಕಡೆ ತಿರುಗಲಿಲ್ಲ. ಅದು ನ್ಯಾಯವೇ. ನಾನು ಜಪಮಾಲೆ ಹಿಡಿದು ಕೂತೆ, ಪ್ರಾರ್ಥನೆ ಬಾಯಲ್ಲಿ ಹೋಗುತ್ತಿತ್ತು, ಮನಸ್ಸು ಬೇಲಿಯ ಮೇಲಿತ್ತು. ಸಂಜೆ ಎದ್ದು ಫೆರ್ಮಿನನ ಮನೆಗೆ ಹೋದೆ. ಅವನು ಬಲೆಯ ಹರಕು ಹೊಲಿಯುತ್ತಿದ್ದ.

“ನಾಳೆ ನಾನು ಹಾಡ್ತೀನಿ, ಫೆರ್ಮಿನ್. ನಿಜ ಹಾಡ್ತೀನಿ.”

ಸೂಜಿ ನಿಂತಿತು. “ಒಂದು ವರ್ಷ ಕಾಪಾಡಿದ್ದನ್ನ ಕೊನೇ ದಿನ ಒಡೀತೀಯಾ ಪನಿಂಗಕ್ಕ? ನಾಳೆನೂ ಅಣ್ಣ ಫೋನಲ್ಲಿ ಇರ್ತಾನೆ.”

“ಪಪ್ಪಂಗೆ ಗೊತ್ತು, ಚಿಕ್ಕಪ್ಪ.”

ಜೊವೆಲಿನ್ ಅಡುಗೆಮನೆಯ ಬಾಗಿಲಲ್ಲಿ ನಿಂತಿದ್ದಳು.

“ಏನು ಗೊತ್ತು?”

“ಫೋನಲ್ಲಿ ಅಂಗಳ ನೋಡಿದ್ರಲ್ಲ. ಅವರೂ ಈ ಊರವರೇ ತಾನೆ. ನಂಗೆ ಗೊತ್ತಾಗಬಾರ್ದು ಅಂತ ಅವರು ಸುಮ್ನಿದ್ರು. ಅವರಿಗೆ ಗೊತ್ತಾಗಬಾರ್ದು ಅಂತ ನೀವು ಸುಮ್ನಿದ್ರಿ.”

ಫೆರ್ಮಿನ್ ಬಲೆ ಬಿಟ್ಟು ತಲೆಯ ಮೇಲೆ ಕೈ ಹೊತ್ತ. ಒಳಗಿನಿಂದ ಲುದಿ ಹೇಳಿದಳು, “ನಾನು ಆವತ್ತೇ ಅಂದೆ, ಒಳಗೇ ಇಡಿ ಅಂತ.”

“ನೀನೆಲ್ಲಿ ಅಂದೆ?”

“ಮನಸ್ಸಲ್ಲಿ ಅಂದೆ.”

ಹುಡುಗಿ ನಗಲಿಲ್ಲ. ನನ್ನ ಕಡೆ ನೋಡಲೂ ಇಲ್ಲ. ಆದರೆ ನಾನು ಹೊರಟಾಗ ಅಂಗಳದ ಹಂದಿಯನ್ನು ಪಕ್ಕಕ್ಕೆ ಓಡಿಸಿ ದಾರಿ ಬಿಡಿಸಿದಳು.

ವರ್ಷದ ದಿನ ಬೆಳಿಗ್ಗೆ ಪಾದ್ರಿಗಳು ಬಲಿಪೂಜೆ ಮುಗಿಸಿದ ಮೇಲೆ ಎಲ್ಲರೂ ಲಿಯೊನಿಲಾಳ ಮನೆಯಲ್ಲಿ ಸೇರಿದೆವು. ಅವಳ ಭಾವಚಿತ್ರದ ಮುಂದೆ ತಟ್ಟೆ ಇಟ್ಟಿದ್ದರು. ಅಂಟಕ್ಕಿಯ ಕಡುಬು, ಬೇಯಿಸಿದ ಮೊಟ್ಟೆ, ಒಂದು ಸಣ್ಣ ಲೋಟ ಕಬ್ಬಿನ ಮದ್ಯ, ಅವಳಿಗೆ ಇಷ್ಟವಾದ ಸುತ್ತಿದ ಹೊಗೆಸೊಪ್ಪು. ಫೋನನ್ನು ಸಂತ ಜೋಸೆಫರ ಪ್ರತಿಮೆಗೆ ಒರಗಿಸಿದ್ದರು. ಅದರೊಳಗೆ ರೊಡೆಲನ ಮುಖ, ಇಳಿದುಹೋಗಿತ್ತು, ತಲೆ ಬೆಳ್ಳಗಾಗಿತ್ತು. ಜೊವೆಲಿನ್ ಅದರ ಪಕ್ಕದಲ್ಲೇ ಕೂತಿದ್ದಳು.

ಕಪ್ಪು ವಸ್ತ್ರ ತಲೆಗೆ ಹೊದ್ದೆ. ಒಂದು ವರ್ಷ ಕಟ್ಟಿದ್ದ ಗಂಟಲು ಬಿಡುತ್ತದೋ ಇಲ್ಲವೋ ಎನ್ನುವ ಭಯವಿತ್ತು. ದೇವರು ಬಿಡಿಸಿದ.

ಕೇಳು ಲಿಯೊನಿಲಾ, ನನ್ನ ತಂಗಿ, ಕೇಳು.
ಹೋದ ವರ್ಷ ನಿನಗೆ ಹಾಸಿಗೆಯಿಂದ ದಾರಿ ಹೇಳಿದೆ,
ನೀನು ಹೊರಟದ್ದು ಉಪ್ಪುನೀರಿನಿಂದ.
ತುಂಬಿದ ಬುಟ್ಟಿ ಹೊತ್ತು ಸಾಕು ನಡಿ ಎಂದವಳು ನೀನು,
ಸಾಲದು ಬಾ ಎಂದವಳು ನಾನು.
ನೀರು ನೋಡುವ ಪಾಳಿ ನನ್ನದು, ನಾನು ನೋಡಲಿಲ್ಲ.
ನಿನ್ನನ್ನು ಕರೆದ ಬಾಯಿ ಇದೇ, ನಿನಗೆ ಸುಳ್ಳು ಹಾಡಿದ ಬಾಯಿ ಇದೇ.

ಅಲ್ಲಿಗೆ ದನಿ ನಿಂತಿತು. ಫೆರ್ಮಿನ್ ನನ್ನನ್ನೇ ನೋಡುತ್ತಿದ್ದ. ಎದ್ದು ಹೊರಗೆ ಹೋದ. ನಾನು ತಲೆಯ ವಸ್ತ್ರವನ್ನು ಮುಖದ ಮೇಲೆ ಎಳೆದುಕೊಂಡೆ.

ಆಗ ಫೋನಿನಿಂದ ರೊಡೆಲನ ದನಿ ಬಂತು.

“ಪನಿಂಗಕ್ಕ, ನಿಲ್ಲಿಸ್ಬೇಡ. ಮುಗಿಸು. ಅರ್ಧಕ್ಕೆ ಬಿಟ್ರೆ ಅಕ್ಕ ಎಲ್ಲಿಗೆ ಹೋಗ್ತಾಳೆ?”

ಮುಗಿಸಿದೆ. ಅವಳು ಸಾಕಿದ ಮಗುವಿನ ಬಗ್ಗೆ ಹಾಡಿದೆ, ಒಗೆದ ಸೊಳ್ಳೆಪರದೆಗಳ ಬಗ್ಗೆ ಹಾಡಿದೆ, ಪೊರಕೆ ಹಿಡಿದು ಬೆಕ್ಕು ಓಡಿಸಿದ್ದನ್ನೂ ಬಿಡಲಿಲ್ಲ. ಬಾಗಿಲ ಹೊರಗೆ, ಗೋಡೆಗೆ ಒರಗಿ ನಿಂತಿದ್ದ ಫೆರ್ಮಿನನ ಭುಜ ಕಾಣುತ್ತಿತ್ತು. ಕೊನೆಯ ಸಾಲಿನವರೆಗೂ ಅಲ್ಲೇ ಇತ್ತು. ಆಮೇಲೆ ಹೆಂಗಸರು ಒಬ್ಬೊಬ್ಬರಾಗಿ ಕಪ್ಪು ಬಟ್ಟೆ ಕಳಚಿದರು. ನಾನು ನನ್ನದನ್ನು ಕಳಚಲಿಲ್ಲ. ಹಿತ್ತಲಿಗೆ ಹೋಗಿ ಮುಖ ತೊಳೆಯುತ್ತ ನಿಂತೆ.

ಹಿಂದಿನಿಂದ ಹೆಜ್ಜೆ ಸದ್ದಾಯಿತು.

“ಅಪೊಂಗ್, ಆ ಬಂಡೆ ತೋರ್ಸು.”

ಬಿಸಿಲು ತಲೆಯ ಮೇಲಿತ್ತು. ಹುಲ್ಲುಗುಡ್ಡದ ಬೆನ್ನು ಹತ್ತಿ ಆಚೆ ಇಳಿದೆವು. ಅವಳು ಮುಂದೆ, ನಾನು ಹಿಂದೆ. ಬಂಡೆಗಳು ಶುರುವಾಗುವಲ್ಲಿ ನನ್ನ ಕಾಲು ನಿಂತಿತು. ಒಂದು ವರ್ಷದಿಂದ ಆ ಕಡೆ ಬಂದಿರಲಿಲ್ಲ. ಇಳಿಯಲು ನೋಡಿದೆ. ಅವಳು ಕೈ ಅಡ್ಡ ಹಿಡಿದಳು.

“ಕೆಳಗೆ ಬೇಡ. ಇಲ್ಲಿಂದಲೇ ತೋರ್ಸು.”

ತೋರಿಸಿದೆ. ನೀರು ಇಳಿದಿತ್ತು, ಕೆಳಗಿನ ಬಂಡೆ ಒದ್ದೆಯಾಗಿ ಹೊಳೆಯುತ್ತಿತ್ತು. ಪಾಚಿ ಮತ್ತೆ ಬೆಳೆದಿತ್ತು. ಇಷ್ಟೇನಾ ಎಂದಳು. ಇಷ್ಟೇ ಎಂದೆ. ಅತ್ತೆಗೆ ಚಳಿ ಆಗಿತ್ತಾ ಎಂದು ಕೇಳಿದಳು. ಜನವರಿಯ ನೀರಲ್ಲವೇ, ಆದರೆ ಪಾಚಿ ಕೀಳುವಾಗ ಚಳಿ ಗೊತ್ತಾಗುವುದಿಲ್ಲ ಎಂದೆ. ಏನು ಹಾಕಿಕೊಂಡಿದ್ದರು ಎಂದಳು. ಫೆರ್ಮಿನನ ಹಳೇ ಅಂಗಿ, ಕಾಲಿಗೆ ಜಾರಬಾರದೆಂದು ಕಾಲುಚೀಲ, ಒಂದು ಹಸಿರು, ಒಂದು ನೀಲಿ ಎಂದೆ. ಅದಕ್ಕೆ ಅವಳ ತುಟಿ ಸ್ವಲ್ಪ ಅರಳಿತು. ಬಹಳ ಹೊತ್ತು ನೀರು ನೋಡುತ್ತ ನಿಂತಳು. ಕೋಪ ಹೋಗಿತ್ತೋ ಇಲ್ಲವೋ ನನಗೆ ತಿಳಿಯಲಿಲ್ಲ. ಕೇಳುವ ಹಕ್ಕೂ ನನಗಿರಲಿಲ್ಲ.

“ಹೋಗಣ,” ಎಂದಳು ಕೊನೆಗೆ.

ಕಡಲ ಬಳಿಯಿಂದ ಏಳುವಾಗ ನಾವು ಜೊತೆಗೆ ಬಂದವರನ್ನು ಹೆಸರು ಹಿಡಿದು ಕರೆಯುತ್ತೇವೆ. ಮೈ ಎದ್ದು ಹೊರಟರೂ ಜೀವ ನೀರು ನೋಡುತ್ತ ಮೈಮರೆತು ಕೂತಿರಬಹುದು. ಕರೆದರೆ ಬರುತ್ತದೆ. ಕರೆಸಿಕೊಂಡವರು ಬಂದೆ ಎಂದು ಗಟ್ಟಿಯಾಗಿ ಓಗೊಡಬೇಕು. ಹೋದ ವರ್ಷ ಗಂಡಸರು ನನ್ನನ್ನು ಎತ್ತಿಕೊಂಡೇ ಮನೆಗೆ ತಂದಿದ್ದರು. ಆ ಗಲಾಟೆಯಲ್ಲಿ ಯಾರನ್ನೂ ಯಾರೂ ಕರೆದಿರಲಿಲ್ಲ.

ಜೊವೆಲಿನ್ ಎರಡು ಹೆಜ್ಜೆ ಹತ್ತಿ, ನಿಂತು, ನೀರಿನ ಕಡೆ ತಿರುಗಿದಳು. ಎರಡೂ ಕೈಗಳನ್ನು ಬಾಯಿಯ ಪಕ್ಕ ಹಿಡಿದಳು. ಅವಳ ಬಾಯಿಂದ ಬಂದದ್ದು ಚಿಕ್ಕಂದಿನಲ್ಲಿ ಇದೇ ದಡದಲ್ಲಿ ಅವಳನ್ನು ಲಿಯೊನಿಲಾ ಕರೆಯುತ್ತಿದ್ದ ರೀತಿ, ಅದೇ ಎಳೆತ, ಅದೇ ರಾಗ.

“ಅತ್ತೇ, ಬಾ, ಮನೆಗೆ ಹೋಗಣ. ಹಿಂದೆ ಉಳೀಬೇಡ.”

ಅಲೆ ಬಂದು ಬಂಡೆಗೆ ಬಡಿದು ಹಿಂದಕ್ಕೆ ಹೋಯಿತು. ಅವಳು ಕಿವಿಗೊಟ್ಟು ಕೇಳಿದಳು. ಆಮೇಲೆ ತನ್ನ ಹೆಸರನ್ನು ತಾನೇ ಕರೆದುಕೊಂಡು, ತಾನೇ ಬಂದೆ ಎಂದು, ಗುಡ್ಡ ಹತ್ತತೊಡಗಿದಳು.

ನಾನು ನಿಂತಲ್ಲೇ ನಿಂತಿದ್ದೆ. ಕಾಲು ಏಳಲಿಲ್ಲ. ಹೋಗಲಿ ಎಂದುಕೊಂಡೆ, ಅವಳು ಮನೆ ಸೇರಲಿ, ನಾನು ನಿಧಾನಕ್ಕೆ ಬರುತ್ತೇನೆ. ಅರ್ಧ ಗುಡ್ಡದಲ್ಲಿ ಅವಳ ಹೆಜ್ಜೆಯ ಸದ್ದು ನಿಂತಿತು. ತಿರುಗಿ ನೋಡಲು ನನಗೆ ಧೈರ್ಯವಾಗಲಿಲ್ಲ. ಗಾಳಿ ಹುಲ್ಲನ್ನು ಒಂದು ಕಡೆಗೆ ಬಾಚುತ್ತಿತ್ತು.

“ಅಪೊಂಗ್ ಪನಿಂಗ್,” ಎಂದು ಕರೆದಳು. ಮೊದಲಿಗಿಂತ ಮೆಲ್ಲಗೆ, ಆದರೆ ಅದೇ ರಾಗದಲ್ಲಿ. “ನೀನೂ ಬಾ. ಹಿಂದೆ ಉಳೀಬೇಡ.”

ಅವಳು ಕಾದಳು.

“ಬಂದೆ,” ಎಂದೆ, ಗಟ್ಟಿಯಾಗಿ, ನೀರಿಗೆ ಕೇಳುವಷ್ಟು. ಆ ಮಾತು ಮುಗಿಯುವ ಮೊದಲೇ ಒಂದು ಕಾಲು ಹುಲ್ಲಿನ ಮೇಲಿತ್ತು.